ದೊಡ್ಡರಸನ ಬಾಗಿಲು ಕಾದ ಮಳೆಗಾಲ

ಮೀಸೆ ಅಂಟಿಸುವ ಗೋಂದಿಗೆ ಒಂದು ವಾಸನೆಯಿದೆ. ಅರ್ಧ ಸಾರಾಯಿ, ಅರ್ಧ ಮರದ ಅಂಟು. ಮೊನ್ನೆ ಚಾಮರಾಜನಗರದಲ್ಲಿ ನನ್ನ ತಂಗಿ ಗೌರಿ ಪಾಠ ಹೇಳುವ ಕಾಲೇಜಿನ ವಾರ್ಷಿಕೋತ್ಸವಕ್ಕೆ ಹೋಗಿದ್ದೆ. ಪಕ್ಕದ ಕೋಣೆಯಲ್ಲಿ ಹುಡುಗಿಯರು ನಾಟಕಕ್ಕೆಂದು ಮೀಸೆ ಅಂಟಿಸಿಕೊಳ್ಳುತ್ತಿದ್ದರು. ಆ ವಾಸನೆ ಮೂಗಿಗೆ ಬಡಿದದ್ದೇ ತಡ, ನನ್ನ ಎಡಗೆನ್ನೆ ಜುಮ್ಮೆಂದಿತು, ಆ ಮಳೆಗಾಲ ಇಡಿಯಾಗಿ ಎದುರಿಗೆ ಬಂದು ನಿಂತಿತು. ಅದು ನೆನಪಾದಾಗಲೆಲ್ಲ ನನಗೆ ಮೊದಲು ಬರುವುದು ಸಿಟ್ಟು. ನಗು ಆಮೇಲೆ ಬರುತ್ತದೆ.

ನಾನು ಪ್ರೇಮ. ಗುಂಡ್ಲುಪೇಟೆ ಬಸ್ ನಿಲ್ದಾಣದಲ್ಲಿ ಕಂಟ್ರೋಲರ್. ಊಟಿ, ಬತ್ತೇರಿ, ಮೈಸೂರು, ಚಾಮರಾಜನಗರ, ಯಾವ ಬಸ್ಸು ಎಲ್ಲಿ ಬಂದು ನಿಲ್ಲುತ್ತದೆಂದು ಮೈಕಿನಲ್ಲಿ ಕೂಗುವವಳು. ಮಲಯಾಳಿಗಳಿಗೆ ಮಲಯಾಳದಲ್ಲಿ, ತಮಿಳರಿಗೆ ತಮಿಳಿನಲ್ಲಿ, ಜಗಳಕ್ಕೆ ಬಂದವರಿಗೆ ಕನ್ನಡದಲ್ಲಿ. ಮನೆ ಭೀಮನಬೀಡಿನಲ್ಲಿ. ಗಂಡ ಮಹದೇವ ಹೂವು, ಈರುಳ್ಳಿ ಸಾಗಿಸುವ ಟೆಂಪೋ ಓಡಿಸುತ್ತಾನೆ.

ಆ ವರ್ಷ ನಮ್ಮೂರಿನ ಹೆಂಗಸರು ನಾಟಕ ಆಡುವುದೆಂದು ತೀರ್ಮಾನವಾಗಿತ್ತು. ಗಂಡಸರು ಆಡಿ ಆಡಿ ಸವೆಸಿದ ಪುರಾಣದ ಕಥೆ ಬೇಡವೆಂದು ಕುದೇರಿನ ಹಾರ್ಮೋನಿಯಂ ಮೇಷ್ಟ್ರು ಸಿದ್ದಪ್ಪನವರಿಂದ ಹೊಸದೊಂದನ್ನು ಕಟ್ಟಿಸಿದ್ದೆವು. ರಾಜ್ಯವನ್ನೆಲ್ಲ ನುಂಗಿ ಕೂತ ದೊಡ್ಡರಸ, ತನ್ನ ಪಾಲು ಕೇಳಲು ಬರುವ ತಮ್ಮ ಚಿಕ್ಕರಸ, ಇಷ್ಟೇ ಕಥೆ. ರಾತ್ರಿಯಿಡೀ ಆಡಿದರೆ ಬೆಳಿಗ್ಗೆ ಹಾಲು ಕರೆಯುವವರು ಯಾರು? ಆದ್ದರಿಂದ ನಾಟಕ ಹಗಲಲ್ಲೇ. ಬೆಳಗಿನ ಹಾಲು ಡೇರಿಗೆ ಹಾಕಿದ ಮೇಲೆ ಶುರು, ಸಂಜೆ ಕರೆಯುವ ಹೊತ್ತಿಗೆ ಮುಕ್ತಾಯ. ಗಂಡಸರು ನಕ್ಕರು. ಬಣ್ಣದ ಲೈಟಿಲ್ಲದೆ ನಾಟಕ ಉಂಟೇ ಎಂದರು. ಸೂರ್ಯನಿಗೆ ಕರೆಂಟು ಬಿಲ್ಲಿಲ್ಲವೆಂದು ನಾನೇ ಉತ್ತರ ಕೊಟ್ಟಿದ್ದೆ.

ನಮ್ಮ ಕಡೆ ಹಳ್ಳಿ ನಾಟಕದಲ್ಲಿ ಪಾತ್ರ ಪುಕ್ಕಟೆ ಸಿಗುವುದಿಲ್ಲ. ಬೇಕಾದವರು ಮೇಷ್ಟ್ರಿಗೆ ಕಾಣಿಕೆ ಕೊಟ್ಟು ಹಿಡಿಯಬೇಕು. ರಾಜನಿಗೆ ಹೆಚ್ಚು, ಮಂತ್ರಿಗೆ ಕಡಿಮೆ. ಪಾತ್ರ ಹಿಡಿದವರ ಫೋಟೋ ಫ್ಲೆಕ್ಸಿನಲ್ಲಿ ಬರುತ್ತದೆ. ತವರಿನವರು ಆಟದ ನಡುವೆಯೇ ರಂಗಕ್ಕೆ ಹತ್ತಿ ಹಾರ ಹಾಕುತ್ತಾರೆ, ಯುದ್ಧ ಬೇಕಾದರೆ ಅಷ್ಟುಹೊತ್ತು ನಿಲ್ಲುತ್ತದೆ. ದ್ವಾರಪಾಲಕನಿಗೆ ಮಾತ್ರ ಕಾಣಿಕೆಯೂ ಇಲ್ಲ, ಫೋಟೋವೂ ಇಲ್ಲ, ಹಾರವೂ ಇಲ್ಲ. ಆ ಹೊತ್ತಿಗೆ ಪರದೆಯ ಹಿಂದೆ ಬೀಡಿ ಸೇದುತ್ತ ನಿಂತವನ ತಲೆಗೆ ಪೇಟ ಸುತ್ತಿ, ಕೈಗೊಂದು ಭರ್ಜಿ ಕೊಟ್ಟು ತಳ್ಳಿಬಿಡುತ್ತಾರೆ. ನಾನು ಹಿಡಿದದ್ದು ಚಿಕ್ಕರಸನನ್ನು. ದೊಡ್ಡರಸ ನಮ್ಮ ಹೆಂಗಸರ ಸಂಘದ ಅಧ್ಯಕ್ಷೆ ಜಯಮ್ಮ. ಅವಳು ಡೇರಿಯಲ್ಲಿ ಹಾಲು ಅಳೆಯುವವಳು, ಗಂಟಲು ಬಿಟ್ಟರೆ ತೆರಕಣಾಂಬಿಗೆ ಕೇಳಿಸುತ್ತದೆ.

ಆಷಾಢದ ಗಾಳಿ ಆ ಸಲ ಜೋರಾಗಿತ್ತು. ರಸ್ತೆಯ ಎರಡೂ ಕಡೆ ಚೆಂಡುಹೂವು, ಸೂರ್ಯಕಾಂತಿ ಅರಳಿ, ಕೇರಳದಿಂದ ಬಂದವರು ಕಾರು ನಿಲ್ಲಿಸಿ ಫೋಟೋ ಹೊಡೆಸಿಕೊಳ್ಳುತ್ತಿದ್ದರು. ಒಂದು ಬೆಳಿಗ್ಗೆ ಮೈಕು ಹಿಡಿದು ಬತ್ತೇರಿ ಬಸ್ಸನ್ನು ಕೂಗಹೊರಟೆ. ಬಾಯಿಂದ ಬರೀ ಗಾಳಿ ಬಂತು. ಚಹಾ ಕುಡಿದರೆ ಎಡಗಡೆಯಿಂದ ಸೋರಿ ಸೀರೆಯ ಮೇಲೆ ಬಿತ್ತು. ಕಚೇರಿಯ ಕನ್ನಡಿಯಲ್ಲಿ ನೋಡಿಕೊಂಡರೆ ಅರ್ಧ ಮುಖ ನನ್ನದು, ಇನ್ನರ್ಧ ಯಾರದೋ. ಎಡಗಣ್ಣು ಮುಚ್ಚುತ್ತಿರಲಿಲ್ಲ. ಎಡಗಡೆಯ ತುಟಿ ಜೋತುಬಿದ್ದಿತ್ತು.

ಲಕ್ವ ಎಂದರು, ಗಾಳಿ ಸೋಕಿದೆ ಎಂದರು. ಡಾಕ್ಟರು ಅದೇನೂ ಅಲ್ಲವೆಂದರು. ಮುಖದ ನರ ಊದಿಕೊಂಡಿದೆ, ಬಹಳ ಜನಕ್ಕೆ ವಾಸಿಯಾಗುತ್ತದೆ, ಬೇಗ ಆಗಬಹುದು, ತಿಂಗಳುಗಟ್ಟಲೆ ಹಿಡಿಯಲೂಬಹುದು. ಮಾತ್ರೆ, ಕಣ್ಣಿಗೆ ಹನಿ, ಮಲಗುವಾಗ ರೆಪ್ಪೆಗೆ ಅಂಟುಪಟ್ಟಿ, ಕೆನ್ನೆಗೆ ವ್ಯಾಯಾಮ. ತುಟಿ ಕೂಡದಿದ್ದರೆ ಪ, ಬ, ಮ ಹೊರಡುವುದಿಲ್ಲ. ನನ್ನ ಹೆಸರನ್ನೇ ನಾನು ಹೇಳಲಾರದವಳಾದೆ. ಮೈಕನ್ನು ಇನ್ನೊಬ್ಬರಿಗೆ ಕೊಟ್ಟರು. ನಾನು ರಜೆ ಹಾಕಿ, ದಿನವೂ ವ್ಯಾಯಾಮ ಮಾಡಿಸಲು ಅನುಕೂಲವೆಂದು ಚಾಮರಾಜನಗರದ ಗೌರಿಯ ಮನೆಗೆ ಹೋದೆ.

ಹೋದ ವಾರದೊಳಗೆ ಜಯಮ್ಮನ ಫೋನು ಬಂತು.

"ಪ್ರೇಮಕ್ಕ, ಬೇಜಾರ್ ಮಾಡ್ಕಬ್ಯಾಡ. ಚಿಕ್ಕರಸನ್ನ ನಾಗರತ್ನಂಗ ಕೊಟ್ಬುಟ್ಟೊ. ಫ್ಲೆಕ್ಸು ಬ್ಯಾರೆ ಮಾಡಿಸ್ಬೇಕಲ್ಲ, ಅದ್ಕ ಬಿರ್ರನೆ ಹೇಳ್ದಿ. ನೀನು ಪರದೆ ಎಳಿಯದು ನೋಡ್ಕ."

ನಾಗರತ್ನ ನನ್ನ ವಾರಗಿತ್ತಿ. ನನಗಾಗಿ ಹೊಲಿಸಿದ್ದ ಕೆಂಪು ನಿಲುವಂಗಿಯನ್ನು ಅವಳ ಅಳತೆಗೆ ಬಿಚ್ಚಿ ಹೊಲಿದದ್ದೂ ಆಗಿತ್ತಂತೆ. ಬೈಯೋಣವೆಂದರೆ ಬೈಗುಳಕ್ಕೂ ತುಟಿ ಬೇಕು. ಫೋನು ಇಟ್ಟು ಅತ್ತೆ. ಒಂದೇ ಕಣ್ಣು ಸರಿಯಾಗಿ ಅತ್ತಿತು, ಇನ್ನೊಂದು ಮೊದಲಿನಿಂದಲೂ ಸೋರುತ್ತಲೇ ಇತ್ತು.

ಗೌರಿ ಸಿನಿಮಾ ಹುಚ್ಚಿನವಳು. ಅದೂ ಯಾರೂ ನೋಡದ ಸಿನಿಮಾ. ಆಗ ಅವಳು ಯುದ್ಧದಲ್ಲಿ ಸೋತ ಮೇಲಿನ ಜಪಾನಿನ ಹಳೆಯ ಚಿತ್ರಗಳನ್ನು ಗುಡ್ಡೆ ಹಾಕಿಕೊಂಡಿದ್ದಳು. ಕಣ್ಣಿಗೆ ಆಯಾಸ ಮಾಡಬಾರದೆಂದು ಡಾಕ್ಟರು ಹೇಳಿದ್ದರು. ಎಡಗಣ್ಣಿಗೆ ಪಟ್ಟಿ ಹಚ್ಚಿ ಬಲಗಣ್ಣಿನಲ್ಲಿ ನೋಡಿದರೆ ಅರ್ಧವೇ ಆಯಾಸ ಎಂದು ನಾನು ಲೆಕ್ಕ ಹಾಕಿದೆ. ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ಗೌರಿ ಕನ್ನಡದಲ್ಲಿ ಓದಿ ಹೇಳುತ್ತಿದ್ದಳು. ಹೊರಗೆ ಸೋನೆ, ಒಳಗೆ ಕಪ್ಪುಬಿಳುಪಿನ ಇನ್ನೊಂದು ಮಳೆ.

ಮೊದಲು ನೋಡಿದ್ದರಲ್ಲಿ ಒಬ್ಬ ಅಂಬಿಗನಿದ್ದ. ನಾಯಕ ಊರು ಬಿಟ್ಟು ಹೋಗುವಾಗ ದೋಣಿ ನಡೆಸುವವನು, ಮಾತಿಲ್ಲ. ಮರುದಿನದ ಚಿತ್ರದಲ್ಲಿ ಒಬ್ಬ ಪೇದೆ. ಅದರ ಮಾರನೆಯ ದಿನ ಹೆಂಡದಂಗಡಿಯ ಮೂಲೆಯಲ್ಲಿ ಕೂತ ಕುಡುಕ. ನಾನು ಗೌರಿಯ ಕೈ ಹಿಡಿದು ಚಿತ್ರ ನಿಲ್ಲಿಸೆಂದೆ.

"ಇವ ಆ ಅಂಬಿಗನೇ ಕಣ. ಪೇದೆನೂ ಇವನೆಯ. ಎಡಗೆನ್ನ ನೋಡು, ಅಲ್ಲಾಡದಿಲ್ಲ."

ಅಷ್ಟು ಮಾತು ಆಡಲು ನನಗೆ ಬಹಳ ಹೊತ್ತು ಹಿಡಿಯಿತು. ಗೌರಿ ಹಿಂದಕ್ಕೆ ಓಡಿಸಿ ನೋಡಿದಳು. ಹೌದು, ಅವನೇ. ಆಮೇಲೆ ನಮಗೆ ಅದೇ ಕೆಲಸವಾಯಿತು. ನಾಯಕ ನಾಯಕಿಯರನ್ನು ಬಿಟ್ಟು ಅವನನ್ನು ಹುಡುಕುವುದು. ಅವನ ಹೆಸರಿನಲ್ಲಿ ಮ, ಬ ತುಂಬಿದ್ದವು, ನನ್ನ ಬಾಯಿಗೆ ಒಗ್ಗಲಿಲ್ಲ. ಅಂಬಿಗ ಎಂದೇ ಕರೆದೆವು, ಅದೂ ನನ್ನ ಬಾಯಲ್ಲಿ ಅರ್ಧಂಬರ್ಧ.

ಗೌರಿ ಎಲ್ಲೆಲ್ಲೋ ಓದಿ ಅವನ ಕಥೆಯನ್ನು ಅಷ್ಟಿಷ್ಟು ಕೂಡಿಸಿದಳು. ಯುದ್ಧಕ್ಕೆ ಮುಂಚೆ ಊರೂರು ತಿರುಗುವ ನಾಟಕ ತಂಡದಲ್ಲಿ ರಾಜಕುಮಾರನ ಪಾತ್ರ ಮಾಡುತ್ತಿದ್ದನಂತೆ. ಯುದ್ಧದಲ್ಲಿ ಗುಂಡಿನ ಚೂರು ಕೆನ್ನೆಯ ನರ ಕತ್ತರಿಸಿತು. ಹಿಂದಿರುಗಿ ಬಂದವನನ್ನು ಸ್ಟುಡಿಯೋದವರು ದೀಪ ಹೊರಲು ಇಟ್ಟುಕೊಂಡರು. ಒಂದು ದಿನ ಗುಂಪಿನ ದೃಶ್ಯಕ್ಕೆ ಜನ ಕಡಿಮೆ ಬಿದ್ದು ಅವನನ್ನೂ ಕ್ಯಾಮೆರಾದ ಮುಂದೆ ನಿಲ್ಲಿಸಿದರು. ಅಂದಿನಿಂದ ಅಂಬಿಗ, ಅಡುಗೆಯವ, ಪೇದೆ, ಕಾಲಾಳು, ಹೆಣ ಹೊರುವವ. ಮೊದಮೊದಲ ಚಿತ್ರಗಳಲ್ಲಿ ಅವನ ಬಲಗೆನ್ನೆ ಮಾತ್ರ ಕಾಣುತ್ತದೆ. ಇಲ್ಲವೇ ಮುಖದ ಮೇಲೆ ಹುಲ್ಲಿನ ಟೋಪಿ ಇರುತ್ತದೆ. ಅಡಗಿಸಿಟ್ಟಿದ್ದರು.

ಆದರೆ ಅವನು ಕೇಳಿಸಿಕೊಳ್ಳುತ್ತಿದ್ದ ರೀತಿ! ಒಂದರಲ್ಲಿ ನಾಯಕ ಸತ್ತ ಅಣ್ಣನ ಬಗ್ಗೆ ಗೋಳಾಡುತ್ತಾನೆ. ಹಿಂದೆ ಅಡುಗೆಯವನಾಗಿ ಕೂತ ನಮ್ಮ ಅಂಬಿಗ ಮೂಲಂಗಿ ಹೆರೆಯುತ್ತಿರುತ್ತಾನೆ. ಅಣ್ಣನ ಹೆಸರು ಬಂದಾಗ ಕೈ ನಿಲ್ಲುತ್ತದೆ. ಆಮೇಲೆ ಮತ್ತೆ ಹೆರೆಯುತ್ತಾನೆ, ಮೊದಲಿಗಿಂತ ಸ್ವಲ್ಪ ನಿಧಾನವಾಗಿ. ಅಷ್ಟೇ. ನಾಯಕನ ಗೋಳು ನನಗೆ ಒಂದು ಹನಿಯೂ ನೆನಪಿಲ್ಲ, ಆ ಮೂಲಂಗಿ ನೆನಪಿದೆ.

ಕೊನೆಗೆ ಸಿಕ್ಕಿದ್ದು ಬಣ್ಣದ ಚಿತ್ರ. ಅವನಿಗೆ ಆಗ ತಲೆ ನರೆತಿತ್ತು. ಕೋಟೆಯ ಬಾಗಿಲು ಕಾಯುವವನ ವೇಷ. ಯಾರೋ ದೊಡ್ಡ ಮನುಷ್ಯ ಕುದುರೆಯ ಮೇಲೆ ಬಂದು ದಾರಿ ಬಿಡೆಂದು ಗದರುತ್ತಾನೆ. ಅಂಬಿಗ ಟೋಪಿಯಿಲ್ಲದೆ ನಿಂತಿದ್ದಾನೆ. ನಿಧಾನವಾಗಿ ತಿರುಗಿ ಆ ಸತ್ತ ಎಡಗೆನ್ನೆಯನ್ನೇ ಪೂರ್ತಿಯಾಗಿ ನಮ್ಮ ಕಡೆ ಕೊಡುತ್ತಾನೆ, ಕೊಟ್ಟು ಹಾಗೇ ನಿಲ್ಲುತ್ತಾನೆ. ಕುದುರೆಯೇ ಎರಡು ಹೆಜ್ಜೆ ಹಿಂದೆ ಸರಿಯುತ್ತದೆ. ಆ ದಿನ ಯಾಕೆ ಹಾಗೆ ತಿರುಗಿದ, ನಿರ್ದೇಶಕ ಹೇಳಿದನೇ, ಇವನೇ ಹಟ ಹಿಡಿದನೇ? ಯಾರೂ ಅವನನ್ನು ಕೇಳಿ ಬರೆದಿಟ್ಟಿರಲಿಲ್ಲ. ಆಮೇಲೆ ಸ್ಟುಡಿಯೋಗಳು ಬಡವಾದವು, ಅವನು ಟಿವಿಯಲ್ಲಿ ಅಜ್ಜನಾದ, ಒಂದು ದಿನ ಸತ್ತ. ನನಗೆ ವಿಪರೀತ ಕೋಪ ಬಂತು. ಅಷ್ಟು ವರ್ಷ ದುಡಿಸಿಕೊಂಡವರಲ್ಲಿ ಒಬ್ಬನಾದರೂ ಕೂರಿಸಿ ಕೇಳಬಾರದಿತ್ತೆ?

ಮಾರನೆಯ ಬೆಳಿಗ್ಗೆ ಗೌರಿಯನ್ನು ಎಬ್ಬಿಸಿದೆ. "ಕುದೇರಿಗೆ ಓಗನ ನಡಿ" ಎಂದೆ. ಸಂತೆಮರಹಳ್ಳಿಯಲ್ಲಿ ಬಸ್ಸು ಬದಲಿಸಿ ಕೂತಾಗ ಪಕ್ಕದ ಸೀಟಿನ ಅಜ್ಜಿಯೊಬ್ಬಳು ನನ್ನ ಮುಖ ನೋಡಿ ಮಂತ್ರ ಹಾಕುವವರ ವಿಳಾಸ ಹೇಳತೊಡಗಿದಳು. ಅದುವರೆಗೆ ಮುಖಕ್ಕೆ ಸೆರಗು ಮುಚ್ಚಿಕೊಂಡೇ ಓಡಾಡುತ್ತಿದ್ದ ನಾನು ಅಂದು ಮುಚ್ಚಿಕೊಳ್ಳಲಿಲ್ಲ.

ಸಿದ್ದಪ್ಪ ಮೇಷ್ಟ್ರು ಜಗಲಿಯಲ್ಲಿ ಹಾರ್ಮೋನಿಯಂ ಬಿಚ್ಚಿ ಇಲಿ ಕಚ್ಚಿದ ತಿದಿಗೆ ತೇಪೆ ಹಾಕುತ್ತಿದ್ದರು. ನನ್ನನ್ನು ನೋಡಿ ಎದ್ದು ನಿಂತರು.

"ಕೂತ್ಕ ಕುಸ. ನಿನ್ ಕಾಣಿಕ ವಾಪಸ್ ಕೊಡ್ತೀನಿ, ಅನುಮಾನ ಬ್ಯಾಡ."

"ಕಾಣಿಕ ನೀವೇ ಮಡೀಕಳಿ. ನಂಗ ದ್ವಾರಪಾಲಕನ ಕೊಡಿ."

ಮೇಷ್ಟ್ರು ನಕ್ಕರು. ಆಮೇಲೆ ನಾನು ನಗುತ್ತಿಲ್ಲವೆಂದು ಗೊತ್ತಾಯಿತು. ಆ ಮುಖದಲ್ಲಿ ಗೊತ್ತಾಗುವುದು ಕಷ್ಟವೇ.

"ಅಲ್ಲ ಕಣಮ್ಮಿ, ಸಂಬಳ ತಕ್ಕಳವಳು ನೀನು. ಬಾಗ್ಲು ಕಾಯವನ ವೇಷ ಹಾಕುದ್ರ ನಿಮ್ ಮನ ಮರ್ಯಾದ ಏನಾದದು? ಅದ್ಕ ಇರದು ಒಂದೇ ಮಾತು. ಅದೂ ನೋಡು ಹೆಂಗದ. 'ಪ್ರಭು, ಚಿಕ್ಕ ಪ್ರಭುಗಳು ಬಂದಿದ್ದಾರೆ. ಬಾಗಿಲಲ್ಲಿ ಕಾಯುತ್ತಿದ್ದಾರೆ, ಅಪ್ಪಣೆ ಬೇಡುತ್ತಿದ್ದಾರೆ.' ನಿನ್ ಬಾಯ್ಗ ಬರದೇ ಇರ ಅಕ್ಸರನೆಲ್ಲ ಅಲ್ಲೇ ಅವ. ಬೇಕಾರ ಮಾತ್ನೇ ಬದಲಾಯ್ಸನ. ಅರಸಾ, ಚಿಕ್ಕರಸ ಇಲ್ಲಿದ್ದಾನೆ ಅಂತ ಇಟ್ರಾಯ್ತು."

"ಒಂದ್ ಅಕ್ಸರನೂ ಬದಲಾಯ್ಸಬ್ಯಾಡಿ. ವಾಸಿ ಆದ್ರ ವಾಸಿಯಾದ ಬಾಯಲ್ಲಿ ಏಳ್ತೀನಿ. ಆಗ್ದಿದ್ರ ಇದ್ರಲ್ಲೇ ಏಳ್ತೀನಿ."

ಮೇಷ್ಟ್ರು ತೇಪೆ ಹಾಕುತ್ತಿದ್ದ ತಿದಿಯನ್ನು ಕೆಳಗಿಟ್ಟರು. ಬಾಗಿಲು ಕಾಯುವವನ ಪಾತ್ರವನ್ನು ಯಾರೂ ಮನೆಯವರೆಗೆ ಬಂದು ಕೇಳಿದ್ದಿಲ್ಲವೆಂದರು. ಕೊಟ್ಟರು.

ಊರಿಗೆ ಬಂದರೆ ಜಯಮ್ಮ ಉರಿದುಬಿದ್ದಳು. ಅವಳನ್ನು ದೂರಿ ಫಲವಿಲ್ಲ. ನಾಟಕ ಆಡುವ ಹೆಂಗಸರೆಂದು ಮೊದಲೇ ಊರಿಗೆ ಊರೇ ಹಲ್ಲು ಕಿಸಿಯುತ್ತಿತ್ತು, ಒಂದು ಕಡೆ ಎಡವಿದರೆ ಮುಂದೆಂದೂ ರಂಗಕ್ಕೆ ಕಾಲಿಡಲು ಬಿಡುವುದಿಲ್ಲವೆಂಬ ಭಯ ಅವಳಿಗಿತ್ತು.

"ನಾನು ಸಿಂಹಾಸನದ್ ಮ್ಯಾಲ ಕೂತ್ಕಂಡು ಆರ್ಭಟ ಮಾಡ್ತಿದ್ರ, ಪಕ್ಕದಲ್ಲಿ ನೀನು ಸೊಟ್ಟ ಮೂತಿ ಮಾಡ್ಕಂಡು ನಿಂತ್ರ ಜನ ನಗ್ದೇ ಇದ್ದರ? ನಗ್ಸಾಟ ಆಯ್ತದ ಪ್ರೇಮಕ್ಕ. ನಮ್ಮೆಲ್ಲರ ಆಟನೂ ಕೆಟ್ಟೋಯ್ತದ. ನಿಂಗ ಕುಣಿಯಕ ಆಗದು ಅಂತ ಒಪ್ಕಬುಡು."

"ಕುಣಿಯಕ ಬರದೇ ಇರವಳು ನೆಲ ಡೊಂಕು ಅಂದ್ಲಂತ. ನಂಗ ಕುಣಿಯಕ ಬತ್ತದ ಕಣವ್ವ, ಮೂತಿ ಡೊಂಕಾಗದ ಅಷ್ಟೆಯ."

"ಹಂಗಾರ ಆ ಕಡ ನಿಂತ್ಕ. ಸರ್ಯಾಗಿರ ಕೆನ್ನ ಜನಕ್ಕ ಕಾಣ್ಲಿ."

ಅಲ್ಲಿ ನಿಲ್ಲುವುದಿಲ್ಲ ಎಂದೆ. ಈ ಕಡೆಯೇ ನಿಲ್ಲುತ್ತೇನೆ, ಎಡಗೆನ್ನೆಯೇ ಜನಕ್ಕೆ. ಜಯಮ್ಮ ನನ್ನೊಡನೆ ಮಾತು ಬಿಟ್ಟಳು. ತಾಲೀಮಿನಲ್ಲೂ ನನ್ನ ಮಾತು ಬರುವ ಜಾಗದಲ್ಲಿ ಬೇಕೆಂದೇ ನೀರು ಕುಡಿಯಲು ಎದ್ದು ಹೋಗುತ್ತಿದ್ದಳು.

ಮನೆಯಲ್ಲಿ ಮಹದೇವ ಎರಡು ದಿನ ಮುಖ ಊದಿಸಿಕೊಂಡಿದ್ದ. ಮೂರನೆಯ ದಿನ ಈರುಳ್ಳಿ ಮೂಟೆ ಇಳಿಸುತ್ತ, "ಜನ ನಗಾಡುದ್ರ ನಂಗ ತಡ್ಕಳಕ ಆಗದಿಲ್ಲ ಕಣ, ಹೊಡದಾಡ್ಬುಡ್ತೀನಿ" ಎಂದ. ಹಾಗಿದ್ದರೆ ನೀನು ಅಂದು ಲೋಡು ತೆಗೆದುಕೊಂಡು ಕೋಯಿಕ್ಕೋಡಿಗೆ ಹೋಗು ಎಂದೆ. ಅವನು ಹೋಗಲಿಲ್ಲ. ಹಿಂದಿನ ಸಾಲಿನಲ್ಲಿ ಕೈ ಕಟ್ಟಿ ಕೂತುಕೊಳ್ಳುತ್ತೇನೆಂದು ಮಾತು ಕೊಟ್ಟ.

ನಾನು ದಿನವೂ ಹಿತ್ತಲಲ್ಲಿ ಭರ್ಜಿ ಹಿಡಿದು ನಿಲ್ಲುವುದನ್ನು ಕಲಿತೆ. ನಿಲ್ಲುವುದು ಸುಲಭವೆಂದು ತಿಳಿದಿದ್ದೆ. ಬೇರೆಯವರು ಮಾತಾಡುವಾಗ ಕೈಯನ್ನು ಏನು ಮಾಡಬೇಕು, ಕಣ್ಣು ಎಲ್ಲಿರಬೇಕು? ದೊಡ್ಡರಸ ಮಂತ್ರಿಯನ್ನು ಬೈದಾಗ ದ್ವಾರಪಾಲಕನಿಗೆ ಏನನ್ನಿಸುತ್ತದೆ? ಅವನಿಗೂ ಒಬ್ಬ ತಮ್ಮನಿರಬಹುದು, ಆ ತಮ್ಮನಿಗೆ ಇವನೂ ಪಾಲು ಕೊಡದೆ ಕೂತಿರಬಹುದು. ಇದನ್ನೆಲ್ಲ ಯೋಚಿಸುತ್ತ ನಿಂತರೆ ಕಾಲು ನೋಯುತ್ತಿರಲಿಲ್ಲ. ಮಳೆ ತಗ್ಗುವ ಹೊತ್ತಿಗೆ ಕಣ್ಣು ಮುಚ್ಚತೊಡಗಿತು. ಹುಬ್ಬು ಕೂದಲೆಳೆಯಷ್ಟು ಎದ್ದಿತು. ತುಟಿ ಮಾತ್ರ ಕದಲಲಿಲ್ಲ.

ನಾಟಕದ ದಿನ ಆಕಾಶ ತೊಳೆದಿಟ್ಟ ಹಾಗಿತ್ತು. ಶಾಲೆಯ ಮೈದಾನದಲ್ಲಿ ಜನವೋ ಜನ. ಫ್ಲೆಕ್ಸಿನಲ್ಲಿ ಎಲ್ಲರ ಮುಖವಿತ್ತು, ನನ್ನದಿರಲಿಲ್ಲ. ಬಣ್ಣದವನು ಹುರಿಮೀಸೆ ಅಂಟಿಸುವಾಗ ಎಡಗಡೆಯ ತುದಿ ಕೆಳಗೆ ಜೋತಿತು. ಎತ್ತಿ ಅಂಟಿಸಿ ಸರಿ ಮಾಡುತ್ತೇನೆಂದ. ಬೇಡ, ತುಟಿ ಹೇಗಿದೆಯೋ ಮೀಸೆಯೂ ಹಾಗೆಯೇ ಇರಲಿ ಎಂದೆ.

ಪರದೆ ಸರಿಯಿತು. ಬಣ್ಣದ ಬೆಳಕಿಲ್ಲ, ನೆರಳಿಲ್ಲ, ನೆತ್ತಿಯ ಕಡೆ ಏರುತ್ತಿದ್ದ ಸೂರ್ಯ ಎಲ್ಲರ ಮುಖವನ್ನೂ ಇದ್ದಂತೆ ತೋರಿಸುತ್ತಿದ್ದ. ದೊಡ್ಡರಸನ ಸಭೆ ನಡೆಯುವಷ್ಟೂ ಹೊತ್ತು ನಾನು ನಿಂತೆ. ಜಯಮ್ಮ ಹಾಡಿದಳು, ಜನ ಒನ್ಸ್ ಮೋರ್ ಎಂದರು, ಮತ್ತೆ ಹಾಡಿದಳು. ಅವಳ ತವರಿನವರು ಹಾರ ಹಾಕಿ ಇಳಿದರು. ಯಾರೂ ನನ್ನನ್ನು ನೋಡಿ ನಗಲಿಲ್ಲ, ಏಕೆಂದರೆ ಯಾರೂ ನನ್ನನ್ನು ನೋಡಿರಲಿಲ್ಲ.

ನನ್ನ ಸರದಿ ಬಂತು. ಎರಡು ಹೆಜ್ಜೆ ಮುಂದೆ ಬಂದು ತಲೆಬಾಗಿ ಬಾಯಿ ತೆರೆದೆ.

"ಪ್ರಭು..."

ಪ್ರ ಎಂಬುದು ಸೈಕಲ್ಲಿನ ಟ್ಯೂಬಿನಿಂದ ಗಾಳಿ ಹೋದ ಹಾಗೆ ಹೋಯಿತು. ಮೈಕು ಅದನ್ನು ಊರಿಗೆಲ್ಲ ಕೇಳಿಸಿತು. ಮುಂದುಗಡೆ ಬೈಕುಗಳ ಮೇಲೆ ಕೂತಿದ್ದ ಹುಡುಗರ ಗುಂಪು ಕೊಳ್ಳೆಂದು ನಕ್ಕಿತು. ಒಬ್ಬ ನನ್ನ ಹಾಗೆಯೇ ಬಾಯಿ ಸೊಟ್ಟ ಮಾಡಿ ತೋರಿಸಿದ. ನಗು ಹಿಂದಿನ ಸಾಲುಗಳಿಗೂ ಹಬ್ಬಿತು. ಮಹದೇವ ಎದ್ದು ನಿಂತದ್ದು ಕಂಡಿತು. ಗೌರಿ ಅವನ ತೋಳು ಹಿಡಿದು ಎಳೆಯುತ್ತಿದ್ದಳು.

ಮೇಷ್ಟ್ರು ಹಾರ್ಮೋನಿಯಂನಲ್ಲಿ ಶ್ರುತಿ ಹಿಡಿದು, ಸಾಕು, ಹಿಂದೆ ಸರಿ ಎಂದು ಕಣ್ಣಲ್ಲೇ ಸನ್ನೆ ಮಾಡಿದರು. ಪಕ್ಕದ ಪರದೆಯ ಸಂದಿಯಿಂದ ಚಿಕ್ಕರಸನಾದ ನಾಗರತ್ನ, "ಬುಡಕ್ಕ, ನಾನೇ ಬಂದ್ಬುಡ್ತೀನಿ" ಎಂದು ಪಿಸುಗುಟ್ಟಿದಳು.

ನಾನು ಭರ್ಜಿಯನ್ನು ಅಡ್ಡ ಹಿಡಿದೆ. ನಾಗರತ್ನ ಒಂದು ಕಾಲು ಮುಂದಿಟ್ಟವಳು ಹಾಗೇ ನಿಂತಳು. ಈ ಸಭೆಗೆ ಯಾರೇ ಬಂದರೂ ನಾನು ಹೇಳಿದ ಮೇಲೆಯೇ ಬರಬೇಕು, ಅದು ಕಥೆಯಲ್ಲೇ ಇದೆ. ತಿರುಗಿ ಬೈಕುಗಳ ಕಡೆ ನೋಡಿದೆ. ಕೆನ್ನೆ ಅಲ್ಲಾಡಲಿಲ್ಲ, ಅಲ್ಲಾಡಿಸು ಎಂದರೂ ಅದು ಕೇಳುತ್ತಿರಲಿಲ್ಲ. ಸುಮ್ಮನೆ ನೋಡುತ್ತ ನಿಂತೆ.

ಸಿಂಹಾಸನದಿಂದ ಒಂದು ಸದ್ದು ಬಂತು. ಜಯಮ್ಮ ಗದೆಯನ್ನು ಹಲಗೆಗೆ ಕುಟ್ಟಿದ್ದಳು. ಅವಳ ಮಾತಿನಲ್ಲಿ ಇದು ಎಲ್ಲೂ ಇರಲಿಲ್ಲ, ಮೇಷ್ಟ್ರು ಬರೆದದ್ದಲ್ಲ.

"ಯಾರಲ್ಲಿ ನಗುವವರು? ಇದು ದೊಡ್ಡರಸನ ಸಭೆ. ದ್ವಾರಪಾಲಕ, ನೀನು ಹೇಳಿ ಮುಗಿಸುವವರೆಗೆ ನನ್ನ ತಮ್ಮನಿರಲಿ, ಗಾಳಿಯೂ ಒಳಗೆ ಬರಕೂಡದು. ನಿಧಾನವಾಗಿ ಹೇಳು. ನಾನು ಕೇಳುತ್ತಿದ್ದೇನೆ."

ಹೇಳಿ, ಗದೆಯ ಮೇಲೆ ಗಲ್ಲವಿಟ್ಟು, ನನ್ನ ಕಡೆಗೇ ಬಾಗಿ ಕೂತಳು. ನೀರಿಗೆ ಏಳಲಿಲ್ಲ. ಹುಡುಗರಲ್ಲಿ ಒಬ್ಬ ಇನ್ನೂ ಕಿಸಿಕಿಸಿ ಅನ್ನುತ್ತಿದ್ದ. ಅವನು ಮುಗಿಸಲೆಂದು ಕಾದೆ. ನನಗೇನು ಅವಸರ? ಪರದೆಯ ಪಕ್ಕದಲ್ಲಿ ಚಿಕ್ಕರಸ ನನ್ನ ಕೆಂಪು ನಿಲುವಂಗಿ ತೊಟ್ಟು ಒಂದು ಕಾಲಿನಿಂದ ಇನ್ನೊಂದು ಕಾಲಿಗೆ ಭಾರ ಬದಲಿಸುತ್ತ ನಿಂತಿದ್ದ. ನಿಂತಿರಲಿ. ಮೈದಾನ ಪೂರ್ತಿ ಸುಮ್ಮನಾದ ಮೇಲೆ ಮೊದಲಿನಿಂದ ಶುರುಮಾಡಿದೆ. ಪ್ರಭು ಎಂದೆ. ಬಂದಿದ್ದಾರೆ ಎಂದೆ. ಬಾಗಿಲಲ್ಲಿ ಎಂದೆ, ಅಪ್ಪಣೆ ಎಂದೆ, ಬೇಡುತ್ತಿದ್ದಾರೆ ಎಂದೆ. ಒಂದು ಅಕ್ಷರವೂ ನೆಟ್ಟಗೆ ಬರಲಿಲ್ಲ, ಒಂದನ್ನೂ ಬಿಡಲಿಲ್ಲ. ಆಮೇಲೆ ಭರ್ಜಿ ಎತ್ತಿ, ಚಿಕ್ಕರಸನನ್ನು ಒಳಗೆ ಬಿಟ್ಟೆ.